ಮೊದಲು ಅರಿಕೆ ಓದು

"ಏನಮ್ಮಾ, ನೇರ ನಡುಮನೆಗೇ ಹೋಗಿಬಿಟ್ಟೆಯಲ್ಲ? ಜಗುಲಿಯಲ್ಲಿ ಒಂದು ನಿಮಿಷ ಕೂರಲ್ವಾ?"

ನಮ್ಮ ಲೈಬ್ರರಿ ಸರ್ ನನಗೆ ಹೇಳಿದ ಮೊದಲ ಮಾತು ಇದು. ನಾನು 1995ರಲ್ಲಿ ಬಿ.ಎಸ್ಸಿ.ಗೆ ಸೇರಿದ್ದೆ. ಪ್ರಾಕ್ಟಿಕಲ್ ಇಲ್ಲದ ಒಂದು ಮಧ್ಯಾಹ್ನ ಸುಮ್ನೆ ಲೈಬ್ರರಿಗೆ ಹೋಗಿ, ಮುಖಪುಟದ ಚಿತ್ರ ನೋಡಿ ಪರಮಹಂಸ ಯೋಗಾನಂದರ ಆತ್ಮಕಥೆಯನ್ನು ಬೀರುವಿನಿಂದ ತೆಗೆದುಕೊಂಡು ಮೊದಲ ಅಧ್ಯಾಯ ಬಿಡಿಸಿದ್ದೆ. ಅವರು ಮೇಜಿನ ಹತ್ತಿರ ಬಂದು ನಿಂತರು. ನಾನು ದಾಟಿ ಬಂದ ಹಾಳೆಗಳನ್ನು ಬೆರಳಿನಿಂದ ಹಿಂದಕ್ಕೆ ತಿರುವಿ, "ಮೊದಲು ಅರಿಕೆ ಓದು. ಬರೆದವರು ಯಾರು, ಯಾಕೆ ಬರೆದರು, ಯಾರನ್ನು ನೆನೆದರು ಅಂತ ಗೊತ್ತಾಗಬೇಕು. ಆಮೇಲೆ ಒಳಗೆ ಹೋಗು" ಅಂದರು.

ಸರಿ ಅಂತ ಮೊದಲ ಹಾಳೆಗೆ ಬಂದೆ. ಪುಸ್ತಕವನ್ನು ಲೂಥರ್ ಬರ್ಬ್ಯಾಂಕ್ ಅವರ ನೆನಪಿಗೆ ಅರ್ಪಿಸಿದ್ದರು. ಬರ್ಬ್ಯಾಂಕ್ ಅಮೆರಿಕದ ಸಸ್ಯತಜ್ಞ, ಹೊಸ ಹೊಸ ತಳಿ ಬೆಳೆಸಿದವರು. ಒಬ್ಬ ಸನ್ಯಾಸಿ ತನ್ನ ಬಾಳಿನ ಕತೆಯನ್ನು ಗಿಡ ಬೆಳೆಸುವವರಿಗೆ ಅರ್ಪಿಸಿದ್ದು ನನಗೆ ಬಹಳ ಹಿಡಿಸಿತು. ಮುಂದೆ ಜಗದೀಶ್ ಚಂದ್ರ ಬೋಸ್ ಅವರ ಬಗ್ಗೆ ಒಂದು ಇಡೀ ಅಧ್ಯಾಯವೇ ಸಿಕ್ಕಿತು. ಗಿಡದ ಬೆಳವಣಿಗೆಯನ್ನು ಒಂದು ಕೋಟಿ ಪಟ್ಟು ಹಿಗ್ಗಿಸಿ ತೋರಿಸುವ ಅವರ ಯಂತ್ರದ ಮಾತು ಅದರಲ್ಲಿತ್ತು. 1946ರಲ್ಲಿ ನ್ಯೂಯಾರ್ಕ್‌ನಲ್ಲಿ ಅಚ್ಚಾದ ಪುಸ್ತಕ ಅದು. ಅದರಲ್ಲಿ ಬರುವ ಪವಾಡಗಳಲ್ಲಿ ಕೆಲವನ್ನು ನಾನು ಆಗಲೂ ಒಪ್ಪಲಿಲ್ಲ, ಈಗಲೂ ಒಪ್ಪುವುದಿಲ್ಲ. ಆದರೆ ಗುರುವನ್ನು ಹುಡುಕುವ ಹುಡುಗನ ಹಂಬಲ ಇದೆಯಲ್ಲ, ಅದು ನಿಜವಾದದ್ದು. ಎಸ್ಸೆಸ್ಸೆಲ್ಸಿವರೆಗೆ ಕನ್ನಡ ಮೀಡಿಯಂನಲ್ಲಿ ಓದಿದ ನಾನು ಡಿಕ್ಷನರಿ ಪಕ್ಕದಲ್ಲಿಟ್ಟುಕೊಂಡು ಕೊನೆಯವರೆಗೆ ಓದಿದ ಮೊದಲ ಇಂಗ್ಲಿಷ್ ಪುಸ್ತಕವೂ ಅದೇ.

ಅಲ್ಲಿಂದ ಮೂರು ವರ್ಷ ಸರ್ ಹೇಳಿದ ಹಾಗೇ ಓದಿದೆ.

ಎರಡನೇ ವರ್ಷದ ಮಳೆಗಾಲದಲ್ಲಿ ಎಂ. ಹಿರಿಯಣ್ಣನವರ ಭಾರತೀಯ ತತ್ವಶಾಸ್ತ್ರದ ಪುಸ್ತಕ ತೆಗೆದುಕೊಂಡೆ. 1932ರಲ್ಲಿ ಲಂಡನ್‌ನಲ್ಲಿ ಪ್ರಕಟವಾದದ್ದು. ಅರಿಕೆ ನೋಡಿದರೆ, ಮೈಸೂರು ವಿಶ್ವವಿದ್ಯಾಲಯದಲ್ಲಿ ವರ್ಷಗಟ್ಟಲೆ ಹೇಳಿದ ಪಾಠಗಳೇ ಈ ಪುಸ್ತಕಕ್ಕೆ ಆಧಾರ ಅಂತಿದೆ. ಅಂದರೆ ಜಗತ್ತಿನಾದ್ಯಂತ ಓದುವ ಈ ಪುಸ್ತಕ ಮೊದಲು ನಮ್ಮ ಕಡೆಯ ಹುಡುಗರು ಬೆಂಚಿನ ಮೇಲೆ ಕೂತು ಕೇಳಿದ ಪಾಠ! ರಾಧಾಕೃಷ್ಣನ್ ಅವರೂ 1918ರಿಂದ 1921ರವರೆಗೆ ಮೈಸೂರಿನ ಮಹಾರಾಜಾ ಕಾಲೇಜಿನಲ್ಲೇ ಪಾಠ ಮಾಡುತ್ತಿದ್ದರು. ಅವರು ಕಲ್ಕತ್ತೆಗೆ ಹೊರಟಾಗ ವಿದ್ಯಾರ್ಥಿಗಳು ಕುದುರೆ ಬಿಚ್ಚಿ ತಾವೇ ಗಾಡಿ ಎಳೆದುಕೊಂಡು ಸ್ಟೇಷನ್ನಿಗೆ ಬಿಟ್ಟುಬಂದರಂತೆ. ಮೇಷ್ಟ್ರು ಅಂದರೆ ಅಷ್ಟು ಪ್ರೀತಿ.

ಆ ಪುಸ್ತಕ ನನ್ನ ಕೈಯಲ್ಲಿ ನೆನೆದುಹೋಯಿತು. ಬಸ್‌ಸ್ಟ್ಯಾಂಡಿನಿಂದ ಮನೆಗೆ ಹೋಗುವಾಗ ಗಾಳಿಗೆ ಕೊಡೆ ಮಗುಚಿಕೊಂಡಿತು, ಬಟ್ಟೆಯ ಬ್ಯಾಗು ತೊಪ್ಪೆಯಾಯಿತು. ಒಳಗಿದ್ದ ಪುಸ್ತಕ ಎರಡರಷ್ಟು ದಪ್ಪ ಆಗಿತ್ತು. ರಾತ್ರಿಯಿಡೀ ಅತ್ತೆ. ಮರುದಿನ ಹಾಗೇ ತೆಗೆದುಕೊಂಡು ಹೋಗಿ ಸರ್ ಮುಂದೆ ಇಟ್ಟು ತಲೆ ಬಗ್ಗಿಸಿ ನಿಂತೆ. ಅವರು ಬೈಯಲಿಲ್ಲ. ಹಳೇ ನ್ಯೂಸ್‌ಪೇಪರ್ ತಂದು, ಚೌಕವಾಗಿ ಹರಿದು, ಹತ್ತು ಹತ್ತು ಹಾಳೆಗೆ ಒಂದರಂತೆ ನಡುವೆ ಇಡುವುದನ್ನು ತೋರಿಸಿಕೊಟ್ಟರು. "ಬಿಸಿಲಿಗೆ ಇಡಬೇಡ, ರಟ್ಟು ಸೊಟ್ಟಗಾಗುತ್ತೆ. ಫ್ಯಾನ್ ಕೆಳಗೆ ಇಡು. ಪೇಪರ್ ಒದ್ದೆಯಾದ ಹಾಗೆ ಬದಲಾಯಿಸು. ಪೂರ್ತಿ ಆರಿದ ಮೇಲೆ ಭಾರ ಹೇರು." ನಾಲ್ಕು ದಿನ ಅದೇ ಕೆಲಸ. ಪೇಪರ್ ತೆಗೆಯುವುದು, ಇನ್ನೊಂದು ಇಡುವುದು. ಹಾಳೆ ಬಿಡಿಸಿದಾಗೆಲ್ಲ ನಾಲ್ಕು ಸಾಲು ಕಣ್ಣಿಗೆ ಬೀಳುತ್ತಿತ್ತು. ಉಪನಿಷತ್ತು, ಜೈನ, ಬೌದ್ಧ, ನ್ಯಾಯ, ಸಾಂಖ್ಯ. ದೇವರೂ ಇಲ್ಲ, ಪರಲೋಕವೂ ಇಲ್ಲ ಅನ್ನುವ ಚಾರ್ವಾಕರಿಗೂ ಅಲ್ಲೊಂದು ಅಧ್ಯಾಯ ಇತ್ತು. ಯಾರ ಮಾತನ್ನೂ ಹಿರಿಯಣ್ಣನವರು ತಳ್ಳಿಹಾಕುವುದಿಲ್ಲ. ಎದುರಾಳಿಯ ವಾದವನ್ನು ಅವನಿಗಿಂತ ಚೆನ್ನಾಗಿ ಹೇಳಿ, ಆಮೇಲೆ ಅದರ ಕೊರತೆ ತೋರಿಸುತ್ತಾರೆ. ಹೀಗೂ ಬರೆಯಬಹುದು ಅಂತ ನನಗೆ ಗೊತ್ತಾದದ್ದೇ ಆಗ.

ಐದನೇ ದಿನ ಪುಸ್ತಕ ವಾಪಸ್ ಕೊಟ್ಟಾಗ ಸರ್ ಕೇಳಿದ್ದು ಒಂದೇ: "ಇಷ್ಟು ಸಲ ಬಿಡಿಸಿದ್ದೀಯ, ಏನಾದ್ರೂ ಓದಿದೆಯಾ?"

ಪುಸ್ತಕದ ಬೆನ್ನಿನ ಮೇಲಿನ ನಂಬರುಗಳನ್ನು ಓದಲು ಕಲಿಸಿದವರೂ ಅವರೇ. ಭಾರತೀಯ ತತ್ವಶಾಸ್ತ್ರ 181.4. ಹಿಂದೂ ಧರ್ಮ 294.5. ಸಿನಿಮಾ 791.43. ಮೂರೂ ಮೂರು ಮೂಲೆಯಲ್ಲಿದ್ದವು. ಆ ನೆಪದಲ್ಲೇ ಎಸ್.ಆರ್. ರಂಗನಾಥನ್ ಅವರ ವಿಷಯ ಬಂತು. ಮದ್ರಾಸಿನಲ್ಲಿ ಗಣಿತದ ಮೇಷ್ಟ್ರಾಗಿದ್ದವರು 1924ರಲ್ಲಿ ಅಲ್ಲಿನ ವಿಶ್ವವಿದ್ಯಾಲಯದ ಗ್ರಂಥಪಾಲಕರಾದರು. ಗ್ರಂಥಾಲಯಕ್ಕೆ ಐದು ಸೂತ್ರ ಕೊಟ್ಟು 1931ರಲ್ಲಿ ಪುಸ್ತಕ ಬರೆದರು. ಪ್ರತಿ ಓದುಗರಿಗೂ ಅವರ ಪುಸ್ತಕ, ಪ್ರತಿ ಪುಸ್ತಕಕ್ಕೂ ಅದರ ಓದುಗರು. ಇವು ಅದರಲ್ಲಿ ಎರಡು. ಗಣಿತ ಓದಿದವರು ಇಂಥ ಕೆಲಸವನ್ನೂ ಮಾಡಬಹುದು ಅನ್ನುವುದು ನನಗೆ ಆಗ ದೊಡ್ಡ ಸುದ್ದಿ. ನಮ್ಮ ಸರ್‌ಗೆ ಪ್ರತಿ ಪುಸ್ತಕಕ್ಕೂ ಓದುಗರು ಅನ್ನುವ ಮೂರನೇ ಸೂತ್ರದ ಮೇಲೆ ಪ್ರೀತಿ ಜಾಸ್ತಿ. ಯಾರಾದರೂ ಒಯ್ದಾಗ ತಾರೀಖಿನ ಸೀಲು ಹಾಕಲು ಪುಸ್ತಕದ ಹಿಂದೆ ಅಂಟಿಸುವ ಡೇಟ್ ಸ್ಲಿಪ್ಪಿನಲ್ಲಿ ಒಂದೂ ಸೀಲು ಬೀಳದ ಪುಸ್ತಕ ಕಂಡರೆ ಅವರ ಮುಖ ಬಾಡುತ್ತಿತ್ತು. ಅಂಥವನ್ನು ಹುಡುಕಿ ನಮ್ಮ ಕೈಗೆ ಹಾಕುತ್ತಿದ್ದರು.

ಹಾಗೆ ಬಂದದ್ದು ಎ.ಕೆ. ರಾಮಾನುಜನ್ ಅವರ ವಚನಗಳ ಇಂಗ್ಲಿಷ್ ಅನುವಾದ. 1973ರ ಪುಸ್ತಕ. ಸ್ಲಿಪ್ ಖಾಲಿ. ಕನ್ನಡದವಳಿಗೆ ವಚನವನ್ನು ಇಂಗ್ಲಿಷಿನಲ್ಲಿ ಯಾಕೆ ಕೊಡುತ್ತಾರೆ ಅಂತ ಅನ್ನಿಸಿದ್ದು ನಿಜ. ಅಕ್ಕಮಹಾದೇವಿಯ ಭಾಗಕ್ಕೆ ಬಂದೆ. ಚೆನ್ನಮಲ್ಲಿಕಾರ್ಜುನ ಅನ್ನುವ ಹೆಸರನ್ನು ಅವರು ಹೆಸರಾಗಿ ಬಿಟ್ಟಿರಲಿಲ್ಲ. ಮಲ್ಲಿಗೆಯಂತೆ ಬೆಳ್ಳಗಿರುವ ಒಡೆಯ ಅಂತ ಬಿಡಿಸಿ ಇಟ್ಟಿದ್ದರು. ನಾನು ಪುಸ್ತಕ ಮುಚ್ಚಿ ಸುಮ್ಮನೆ ಕೂತೆ. ಅರ್ಜುನ ಅಂದರೆ ಬಿಳುಪು. ಪ್ರೈಮರಿ ಸ್ಕೂಲಿನಿಂದ ಬಾಯಿಪಾಠ ಮಾಡಿದ ಹೆಸರು. ಅದರೊಳಗೆ ಒಂದು ಮಲ್ಲಿಗೆ ಇದೆ, ಒಂದು ಬಿಳುಪು ಇದೆ ಅಂತ ಒಂದು ದಿನವೂ ಹೊಳೆದಿರಲಿಲ್ಲ. ಕೂಡಲಸಂಗಮದೇವನೂ ಹಾಗೇ, ಹೊಳೆಗಳು ಕೂಡುವ ಜಾಗದ ಒಡೆಯ. ಮೈಸೂರಿನಲ್ಲಿ ಹುಟ್ಟಿ ಶಿಕಾಗೋದಲ್ಲಿ ಪಾಠ ಮಾಡುತ್ತಿದ್ದವರು ನನ್ನ ಭಾಷೆಯನ್ನು ನನಗೇ ಹತ್ತಿರ ಹಿಡಿದು ತೋರಿಸಿದ್ದರು.

ಓಡಿಹೋಗಿ ಸರ್‌ಗೆ ಹೇಳಿದೆ. ಅವರು ಖುಷಿಪಟ್ಟರು, ಆದರೆ ಅಲ್ಲಿಗೇ ಬಿಡಲಿಲ್ಲ. ಆ ವಚನ ರಾಮಾನುಜನ್ ಅವರ ಕೈಗೆ ಬರುವ ಮೊದಲು ಯಾರ್ಯಾರ ಕೈ ದಾಟಿತ್ತು ಅಂತ ಯೋಚಿಸು ಅಂದರು. ಆಗ ಫ.ಗು. ಹಳಕಟ್ಟಿಯವರ ಕತೆ ಹೇಳಿದರು. ಬಿಜಾಪುರದ ವಕೀಲರು. ಊರೂರು ಅಲೆದು ತಾಳೆಗರಿ ಕೂಡಿಹಾಕಿ, 1923ರಲ್ಲಿ ವಚನಶಾಸ್ತ್ರಸಾರ ಹೊರತಂದರು. ಮನೆ ಮಾರಿ ಸ್ವಂತ ಪ್ರೆಸ್ ಮಾಡಿದರು. 1926ರಲ್ಲಿ ಶಿವಾನುಭವ ಪತ್ರಿಕೆ ಶುರು ಮಾಡಿದರು. ಇದನ್ನು ಅಧ್ಯಾತ್ಮ ಅನ್ನೋಣವೋ, ಪಾಂಡಿತ್ಯ ಅನ್ನೋಣವೋ? ನನಗಂತೂ ಆ ಗೆರೆ ಅವತ್ತೇ ಅಳಿಸಿಹೋಯಿತು. ಒಂದು ಮಾತನ್ನು ಉಳಿಸಲು ಮನೆ ಮಾರಿದವರ ಭಕ್ತಿಯನ್ನು ಯಾವ ನಂಬರಿನ ಬೀರುವಿನಲ್ಲಿ ಇಡುತ್ತೀರಿ?

ಇನ್ನು 791.43, ಅಂದರೆ ಸಿನಿಮಾ. ನಮ್ಮ ಲೈಬ್ರರಿಯಲ್ಲಿ ಅದಕ್ಕೆ ಇದ್ದದ್ದು ಒಂದೇ ಅಡ್ಡಹಲಗೆ. ಅದರಲ್ಲಿ ಸತ್ಯಜಿತ್ ರಾಯ್ ಅವರ ಸಿನಿಮಾ ಲೇಖನಗಳ ಸಂಗ್ರಹ, 1976ರದ್ದು. ಅರ್ಧ ಪುಸ್ತಕ ನಮ್ಮ ಚಿತ್ರಗಳ ಬಗ್ಗೆ, ಉಳಿದರ್ಧ ಹೊರದೇಶದ ಚಿತ್ರಗಳ ಬಗ್ಗೆ. ಆಗ ನಾನು ಅವರ ಒಂದು ಸಿನಿಮಾವನ್ನೂ ನೋಡಿರಲಿಲ್ಲ. ಓದಿಯೇ ನೋಡಿದೆ ಅನ್ನಬೇಕು. ಜಾಹೀರಾತು ಕಂಪನಿಯಲ್ಲಿ ಕೆಲಸ ಮಾಡುತ್ತಾ, ರಜೆ ಸಿಕ್ಕ ದಿನ ಶೂಟಿಂಗ್ ಮಾಡಿ, ದುಡ್ಡು ಮುಗಿದಾಗ ನಿಲ್ಲಿಸಿ, ಹೆಂಡತಿಯ ಒಡವೆ ಅಡವಿಟ್ಟು ಮಾಡಿದ ಚಿತ್ರ 'ಪಥೇರ್ ಪಾಂಚಾಲಿ'. ಶುರುವಾದದ್ದು 1952ರಲ್ಲಿ, ತೆರೆಗೆ ಬಂದದ್ದು 1955ರಲ್ಲಿ. ಅಕ್ಕ ತಮ್ಮ ಇಬ್ಬರೂ ಬಿಳಿ ಕಾಶ್ ಹೂವಿನ ಬಯಲಲ್ಲಿ ಓಡುವ ದೃಶ್ಯವನ್ನು ಒಂದು ದಿನ ಅರ್ಧ ತೆಗೆದಿದ್ದರು. ಮುಂದಿನ ವಾರ ಹೋಗಿ ನೋಡಿದರೆ ಹೂವೇ ಇಲ್ಲ, ದನ ಮೇದು ಖಾಲಿ ಮಾಡಿದ್ದವು. ಅದು ಆ ಕಾಲಕ್ಕೆ ಮಾತ್ರ ಬಿಡುವ ಹೂವು. ಮತ್ತೆ ಅರಳಲಿ ಅಂತ ಮುಂದಿನ ವರ್ಷದವರೆಗೆ ಕಾದರು!

ಈ ಕತೆ ತಿಳಿದ ಎಷ್ಟೋ ವರ್ಷದ ಮೇಲೆ ಬೆಂಗಳೂರಿನಲ್ಲಿ ಆ ಚಿತ್ರ ನೋಡಿದೆ. ಆ ಬಯಲು ಬಂದಾಗ, ದನ ಮೇಯುವ ಮುಂಚಿನ ಹೂವು ಯಾವುದು, ಆಮೇಲಿನದು ಯಾವುದು ಅಂತ ಕಣ್ಣು ಹುಡುಕುತ್ತಿತ್ತು. ಗೊತ್ತಾಗಲಿಲ್ಲ. ಒಂದು ವರ್ಷದ ಕಾಯುವಿಕೆ ಎಲ್ಲೂ ಕಾಣದ ಹಾಗೆ ಸೇರಿಕೊಂಡಿತ್ತು. ಆ ತಮ್ಮ ಅಪುವಿನ ಕತೆ ಹೇಳುವ ಚಿತ್ರಗಳ ಬಗ್ಗೆ ರಾಯ್ ಕೊನೆಗಾಲದಲ್ಲಿ ಬರೆದ ನೆನಪುಗಳನ್ನೂ ಆಮೇಲೆ ಓದಿದೆ. ಅವರು ತೀರಿಕೊಂಡ ಸಮಯದಲ್ಲಿ ಹಸ್ತಪ್ರತಿ ಕಾಣೆಯಾಗಿ, ಪತ್ನಿ ಬಿಜೋಯಾ ರಾಯ್ ಮೊದಲ ಕರಡನ್ನು ಇಟ್ಟುಕೊಂಡು ಅದನ್ನು ಮತ್ತೆ ಸಿದ್ಧಪಡಿಸಿದರು. ಅಲ್ಲೂ ಮೊದಲು ಅರಿಕೆಯನ್ನೇ ಓದಿದೆ, ಸರ್ ನೆನಪಾದರು.

ನಾನು ಕೊನೆಯ ವರ್ಷದಲ್ಲಿದ್ದಾಗ, 1997ರಲ್ಲಿ, 'ನಾಗಮಂಡಲ' ಸಿನಿಮಾ ಬಂತು. ನಾಗಾಭರಣರ ಚಿತ್ರ. ನಾವು ಆರು ಜನ ಹುಡುಗಿಯರು ಒಟ್ಟಿಗೆ ಹೋಗಿ ನೋಡಿದೆವು. ಮರುದಿನ ಲೈಬ್ರರಿಯಲ್ಲಿ ಅದೇ ಮಾತು. ಸರ್ ಸುಮ್ಮನೆ ಎದ್ದುಹೋಗಿ ಗಿರೀಶ್ ಕಾರ್ನಾಡರ ನಾಟಕ ತಂದಿಟ್ಟರು. ಅದಕ್ಕೆ ಮೂಲ ಎರಡು ಜನಪದ ಕತೆ, ಆ ಎರಡನ್ನೂ ಕಾರ್ನಾಡರು ಕೇಳಿದ್ದು ರಾಮಾನುಜನ್ ಅವರಿಂದ ಅಂತ ಆಗ ತಿಳಿಯಿತು. ಮೈ ಜುಮ್ಮೆಂದಿತು. ಯಾರೋ ಅಜ್ಜಿ ಒಲೆ ಮುಂದೆ ಹೇಳಿದ ಕತೆ, ಅದನ್ನು ಬರೆದಿಟ್ಟುಕೊಂಡ ವಿದ್ವಾಂಸರು, ಅವರಿಂದ ಕೇಳಿದ ನಾಟಕಕಾರರು, ಅಲ್ಲಿಂದ ನಮ್ಮೂರಿನ ಟಾಕೀಸು. ಮಲ್ಲಿಗೆಯ ಒಡೆಯನನ್ನು ತೋರಿಸಿಕೊಟ್ಟವರೇ ಇಲ್ಲಿಯೂ ಇದ್ದರು.

ಆ ನಾಟಕದಲ್ಲಿ ಒಂದು ಕಡೆ ಕತೆಯೇ ಹೆಣ್ಣಾಗಿ ಬರುತ್ತದೆ, ಹಾಡು ಅವಳ ಸೀರೆಯಾಗಿರುತ್ತದೆ. ಒಬ್ಬ ಮುದುಕಿಗೆ ಒಂದು ಕತೆ, ಒಂದು ಹಾಡು ಗೊತ್ತಿತ್ತು. ಆದರೆ ಯಾರಿಗೂ ಹೇಳಲಿಲ್ಲ. ಒಳಗೇ ಉಸಿರು ಕಟ್ಟಿ ಎರಡೂ ತಪ್ಪಿಸಿಕೊಂಡು ಹೊರಬಂದವು. ಅದನ್ನು ಓದಿದಾಗ ಸೀಲು ಬೀಳದ ಆ ಸ್ಲಿಪ್ಪುಗಳು ಕಣ್ಣ ಮುಂದೆ ಬಂದವು. ಸರ್ ಮುಖ ಯಾಕೆ ಹಾಗೆ ಬಾಡುತ್ತಿತ್ತು ಅಂತ ಅರ್ಥವಾಯಿತು.

ಸರ್ ಈಗಿಲ್ಲ. ಕಳೆದ ವರ್ಷ ಮಗಳ ಅಡ್ಮಿಷನ್ ವಿಚಾರಿಸಲು ಕಾಲೇಜಿಗೆ ಬಂದಾಗ ಲೈಬ್ರರಿಗೆ ಹೋದೆ. ಕಾರ್ಡಿನ ಡ್ರಾಯರ್‌ಗಳ ಜಾಗದಲ್ಲಿ ಕಂಪ್ಯೂಟರ್ ಇದೆ. ಆ ನೆನೆದ ಪುಸ್ತಕವನ್ನು ಒಂದು ಸಲ ಮುಟ್ಟಿ ನೋಡಬೇಕು ಅನ್ನಿಸಿ, ಹಿರಿಯಣ್ಣನವರ ಹೆಸರು ಹೇಳಿದೆ. ಕೌಂಟರಿನಲ್ಲಿದ್ದ ಹುಡುಗಿ ಟೈಪ್ ಮಾಡಿ ನೋಡಿದಳು.

"ಒಂದೇ ಪ್ರತಿ ಇರೋದು ಮೇಡಂ. ಇಶ್ಯೂ ಆಗಿದೆ. ಸೆಕೆಂಡ್ ಬಿ.ಎಸ್ಸಿ. ಹುಡುಗನ ಹತ್ರ ಇದೆ. ಹಾಳೆಯೆಲ್ಲ ಸುಕ್ಕುಸುಕ್ಕಾಗಿದೆ, ಪರವಾಗಿಲ್ವಾ ಅಂತ ಕೇಳಿಯೇ ಕೊಟ್ಟೆ. ಗುರುವಾರ ವಾಪಸ್ ಬರುತ್ತೆ, ಎತ್ತಿಡಲಾ?"

ಬೇಡ, ಅವನು ನಿಧಾನವಾಗಿ ಓದಲಿ ಅಂದೆ.