ಮತ್ತಿ, ಹೊಳೆಮತ್ತಿ, ನಂದಿ: ಗುರುತು ಹಿಡಿಯುವುದು ಹೇಗೆ?

ನಮ್ಮ ಎಲೆ ಉದುರುವ ಕಾಡುಗಳಲ್ಲಿ ಒಂದಕ್ಕೊಂದು ಹೆಚ್ಚು ಅದಲುಬದಲಾಗುವ ಮರಗಳೆಂದರೆ ಈ ಮೂರು. ಮತ್ತಿಗೂ ಹೊಳೆಮತ್ತಿಗೂ ಕಾಯಿಯಲ್ಲಿ ಐದು ರೆಕ್ಕೆ; ಹೊಳೆಮತ್ತಿಗೂ ನಂದಿಗೂ ತೊಗಟೆ ನುಣುಪು. ಎಲೆಯಂತೂ ಮೂರರದ್ದೂ ಬಿಡಿ ಎಲೆ, ಹೆಚ್ಚುಕಡಿಮೆ ಎದುರುಬದುರು. ಎಲೆಯ ಮೇಲ್ಮೈ ಫೋಟೊ ಒಂದನ್ನೇ ನೋಡಿ ಹೆಸರು ಹೇಳುವುದು ಬರೀ ಊಹೆ. ಎಲೆಯನ್ನು ಮಗುಚಲೇಬೇಕು.

ಮಗುಚಿ, ತೊಟ್ಟು ಎಲೆಗೆ ಸೇರುವ ಜಾಗ ನೋಡಿ. ಮತ್ತಿಯಲ್ಲಿ ನಡುನರದ ಬುಡದ ಬಳಿ ಸಾಮಾನ್ಯವಾಗಿ ಎರಡು ಪುಟ್ಟ ಗಂಟುಗಳು ಎದ್ದು ನಿಂತಿರುತ್ತವೆ, ಬೆರಳಾಡಿಸಿದರೆ ತಗುಲುತ್ತವೆ. ಹೊಳೆಮತ್ತಿಯಲ್ಲಿ ಗಂಟುಗಳು ತೊಟ್ಟಿನ ತುದಿಯಲ್ಲಿ, ಎಲೆಯ ಬುಡಕ್ಕೆ ಅಂಟಿಕೊಂಡಂತಿರುತ್ತವೆ. ನಂದಿಗೆ ಈ ಗಂಟೇ ಇಲ್ಲ. ಆದರೆ ಮತ್ತಿಯ ಕೆಲವು ಎಲೆಗಳಲ್ಲಿ ಒಂದೇ ಗಂಟು, ಕೆಲವದರಲ್ಲಿ ಒಂದೂ ಇರುವುದಿಲ್ಲ. ನಾಲ್ಕೈದು ಎಲೆ ನೋಡದೆ ತೀರ್ಮಾನಕ್ಕೆ ಬರಬೇಡಿ.

ಬೇಸಿಗೆಯಲ್ಲಿ ಮತ್ತಿ ಬೋಳಾಗಿ ನಿಂತಾಗ ತೊಗಟೆಯೇ ಗತಿ. ಬಲಿತ ಮತ್ತಿಯ ತೊಗಟೆ ಕಪ್ಪು ಬೂದು ಬಣ್ಣ, ಆಳವಾಗಿ ಬಿರುಕು ಬಿಟ್ಟು ಚೌಕ ಚೌಕವಾಗಿ ಒಡೆದು ಮೊಸಳೆ ಬೆನ್ನಿನಂತೆ ಕಾಣುತ್ತದೆ. ಎಳೆಯ ಮರದಲ್ಲಿ ಬಿರುಕು ಇನ್ನೂ ಆಳವಾಗಿರುವುದಿಲ್ಲ, ಅಲ್ಲೇ ಎಡವುವುದು. ಹೊಳೆಮತ್ತಿ ತೊಗಟೆ ಮಾಸಲು ಬಿಳಿ, ಕೆಲವೆಡೆ ಹಸಿರು ಛಾಯೆ. ಅಗಲಗಲ ಹಾಳೆಯಾಗಿ ಕಳಚುತ್ತದೆ. ನಂದಿಯದ್ದೂ ಬಿಳಿಚು, ಆದರೆ ಕಾಗದದಂತೆ ತೆಳ್ಳಗೆ, ಉದ್ದುದ್ದ ಪಟ್ಟಿಯಾಗಿ ಸುಲಿಯುತ್ತದೆ. ಜಾಗವೂ ಸುಳಿವು ಕೊಡುತ್ತದೆ: ಹೊಳೆಮತ್ತಿ ಕಾವೇರಿಯಂಥ ನದಿಗಳ ದಂಡೆ, ಹಳ್ಳದ ಬದಿ ಬಿಟ್ಟು ದೂರ ಹೋಗುವುದು ಕಡಿಮೆ. ಸಾಲುಮರವಾಗಿ ನೆಟ್ಟಿದ್ದರೆ ಮಾತ್ರ ಈ ಲೆಕ್ಕ ನಡೆಯದು.

ಇಷ್ಟಾದರೂ ಅನುಮಾನ ಉಳಿದರೆ ಬುಡದಲ್ಲಿ ಬಿದ್ದ ಕಾಯಿ ಹುಡುಕಿ. ನನ್ನ ಮಟ್ಟಿಗೆ ಇದಕ್ಕಿಂತ ಗಟ್ಟಿ ಸಾಕ್ಷಿ ಇಲ್ಲ. ರೆಕ್ಕೆಯನ್ನು ಬೆಳಕಿಗೆ ಹಿಡಿದು ಗೀರುಗಳನ್ನು ಗಮನಿಸಿ. ಮತ್ತಿಯಲ್ಲಿ ರೆಕ್ಕೆ ಅಗಲ, ತೆಳು. ಗೀರುಗಳು ನಡುವಿನಿಂದ ಅಂಚಿನವರೆಗೆ ನೇರ ಅಡ್ಡಲಾಗಿ ಹೋಗುತ್ತವೆ. ಹೊಳೆಮತ್ತಿಯಲ್ಲಿ ರೆಕ್ಕೆ ಕಿರಿದು, ಗಡುಸು. ಗೀರುಗಳು ಮೇಲ್ಮುಖವಾಗಿ ಬಾಗಿರುತ್ತವೆ. ನಂದಿಗೆ ರೆಕ್ಕೆಯ ಕಾಯಿಯೇ ಅಲ್ಲ, ಒಣಗಿ ಬಿರಿಯುವ ಪುಟ್ಟ ಕಟ್ಟಿಗೆಯಂಥ ಕಾಯಿ. ರೆಕ್ಕೆ ಇರುವುದು ಒಳಗಿನ ಬೀಜಕ್ಕೆ. ರೆಕ್ಕೆಕಾಯಿ ಗಾಳಿಗೆ ಹಾರಿ ಬೇರೆ ಮರದ ಬುಡ ಸೇರುತ್ತದೆ, ಆದ್ದರಿಂದ ಒಂದೆರಡು ಸಿಕ್ಕರೆ ಸಾಲದು, ರಾಶಿ ಬಿದ್ದಿರಬೇಕು.

ತಾರೆ, ಅಳಲೆಗಳೂ ಮತ್ತಿಯ ಬಳಗದವೇ, ಆದರೆ ಕಾಯಿಗೆ ರೆಕ್ಕೆಯಿಲ್ಲ. ತಾರೆಕಾಯಿ ಬೂದು ಮಖಮಲ್ಲಿನಂಥ ಮೈಯ ಗುಂಡುಕಾಯಿ, ಎಲೆಗಳು ಉದ್ದ ತೊಟ್ಟಿನವು, ಕೊಂಬೆ ತುದಿಯಲ್ಲಿ ಗುಂಪಾಗಿರುತ್ತವೆ. ಅಳಲೆಕಾಯಿಯ ಮೈ ನುಣುಪು, ಒಣಗಿದರೆ ಐದು ಏಣು ಏಳುತ್ತವೆ.

ಹೊನ್ನೆ, ಬೀಟೆಗಳದ್ದು ಬೇರೆಯೇ ಗೊಂದಲ: ಎರಡಕ್ಕೂ ಐದೋ ಏಳೋ ಕಿರುಎಲೆ, ತುದಿಯಲ್ಲಿ ಕಚ್ಚು. ಹೊನ್ನೆಗೆ ಕತ್ತಿ ಹಾಕಿದರೆ ಕೆಂಪು ಅಂಟು ಬರುತ್ತದೆಂದು ಕಡಿದು ನೋಡುವವರಿದ್ದಾರೆ. ದಯವಿಟ್ಟು ಬೇಡ, ಆ ಗಾಯದಿಂದ ಹುಳ, ಬೂಸ್ಟು ಒಳಗಿಳಿಯುತ್ತವೆ. ಹಳೆಯ ಗಾಯಗಳಲ್ಲಿ ಅಂಟು ಒಣಗಿ ಕಡುಗೆಂಪಾಗಿ ಕೂತಿರುತ್ತದೆ, ಅದನ್ನು ನೋಡಿದರಾಯಿತು. ಅದೂ ಕಾಣದಿದ್ದರೆ ಕಾಯಿ ನೋಡಿ: ಹೊನ್ನೆಯದ್ದು ಚಪ್ಪಟೆ ಬಿಲ್ಲೆ, ಬೀಜ ನಡುವೆ, ಸುತ್ತಲೂ ರೆಕ್ಕೆ, ಬೀಟೆಯದ್ದು ತೆಳ್ಳನೆಯ ಉದ್ದ ಪಟ್ಟಿ, ಒಳಗೆ ಒಂದರಿಂದ ನಾಲ್ಕು ಬೀಜ.