ತೂಕದ ಚೀಟಿಗೆ ಡಾಟ್ ಮ್ಯಾಟ್ರಿಕ್ಸೇ ಯಾಕೆ ಬೇಕು

ಗಂಗಾವತಿ, ಕಾರಟಗಿ, ಸಿಂಧನೂರು ಕಡೆಯ ರೈಸ್ ಮಿಲ್ಲುಗಳ ವೇ ಬ್ರಿಡ್ಜ್ (ಲಾರಿ ತೂಗುವ) ಕೋಣೆಯಲ್ಲಿ ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರ್ (ಸಣ್ಣ ಪಿನ್ನುಗಳಿಂದ ಮಸಿ ರಿಬ್ಬನ್ನನ್ನು ಕಾಗದದ ಮೇಲೆ ಗುದ್ದಿ ಅಕ್ಷರ ಮೂಡಿಸುವ ಯಂತ್ರ) ಕಂಡು 'ಇನ್ನೂ ಇದೇನಾ?' ಎನ್ನುವವರಿಗೆ ಉತ್ತರ ಒಂದೇ: ಕಾರ್ಬನ್ ಪ್ರತಿ. ಭತ್ತದ ಲಾರಿ ತೂಗಿದ ಚೀಟಿ ಮಿಲ್ಲಿಗೊಂದು, ಡ್ರೈವರಿಗೊಂದು, ದಲಾಲಿ ಅಂಗಡಿಗೊಂದು ಬೇಕು. ಮೂರರಲ್ಲೂ ಒಂದೇ ಏಟಿಗೆ ಅದೇ ಅಂಕಿ ಮೂಡಬೇಕು. ಲೇಸರ್, ಇಂಕ್‌ಜೆಟ್‌ಗಳು ಕಾಗದವನ್ನು ಗುದ್ದುವುದೇ ಇಲ್ಲ.

9 ಪಿನ್ ಹೆಡ್‌ನಲ್ಲಿ (ಪಿನ್ನುಗಳಿರುವ, ಕಾಗದದ ಮೇಲೆ ಅತ್ತಿತ್ತ ಓಡಾಡುವ ಭಾಗ) ಪಿನ್ನಿಂದ ಪಿನ್ನಿಗೆ 1/72 ಇಂಚು. ಇಂಗ್ಲಿಷ್ ಸಾಲು ಒಂದೇ ಓಟಕ್ಕೆ ಮುಗಿಯುತ್ತದೆ. ಕನ್ನಡದ ಒತ್ತು, ಗುಡಿಸುಗಳನ್ನು ಗ್ರಾಫಿಕ್ಸ್ ಆಗಿ, ಅಂದರೆ ಚಿತ್ರದ ಹಾಗೆ ಹೊಡೆಯಬೇಕು. ಹೆಡ್ ಮತ್ತೆ ಮತ್ತೆ ಓಡಾಡಿ ಬಿಸಿಯಾಗುತ್ತದೆ, ಹೊರಗೆ ಲಾರಿ ಸಾಲು ಬೆಳೆಯುತ್ತದೆ. ಹಾಗಾಗಿ ಮಿಲ್ಲಿನ ಹೆಸರು, ಕಾಲಂಗಳನ್ನು ಡಿಟಿಪಿ (ಕಂಪ್ಯೂಟರಿನಲ್ಲಿ ಪುಟ ಜೋಡಣೆ) ಮಾಡಿಸಿ ಆಫ್‌ಸೆಟ್‌ನಲ್ಲಿ ಕನ್ನಡದಲ್ಲೇ ಅಚ್ಚು ಹಾಕಿಸಿಡಿ; ಗಾಡಿ ನಂಬರು, ತೂಕವನ್ನಷ್ಟೇ ಟೆಕ್ಸ್ಟ್ ಮೋಡ್‌ನಲ್ಲಿ (ಪ್ರಿಂಟರಿನದೇ ಇಂಗ್ಲಿಷ್ ಅಕ್ಷರ, ಅಂಕಿಗಳಲ್ಲಿ) ಹೊಡೆಯಿರಿ. 24 ಪಿನ್ನಿನ ಅಕ್ಷರ ಚಂದ, ಆದರೆ ಪಿನ್ನು ಸಣ್ಣ. ಪ್ರತಿ ಹೆಚ್ಚಿದ್ದರೆ 9 ಪಿನ್ನಿನದೇ ಗಟ್ಟಿ.

ಮೂರನೇ ಪ್ರತಿ ಮಬ್ಬಾದರೆ ಮೊದಲು ಹೆಡ್ ಪಕ್ಕದ ಲಿವರ್ ನೋಡಿ. ಅದು ಹೆಡ್ಡಿಗೂ ರೋಲರಿಗೂ ನಡುವಿನ ಸಂದು ಹೊಂದಿಸುತ್ತದೆ. ಒಂಟಿ ಹಾಳೆಗೆ ಸೊನ್ನೆ, ಪ್ರತಿ ಹೆಚ್ಚಿದಂತೆ ಒಂದೊಂದೇ ಅಂಕಿ ಮೇಲೆ. ಸಂದು ಹೆಚ್ಚಾದರೆ ಕೊನೆಯ ಪ್ರತಿ ಮೂಡುವುದಿಲ್ಲ. ಕಡಿಮೆಯಾದರೆ ಮಸಿ ಬಳಿದುಕೊಂಡು, ರಿಬ್ಬನ್ ಸಿಕ್ಕಿ ಪಿನ್ನು ಮುರಿಯುತ್ತದೆ.

ಒಣಗಿದ ರಿಬ್ಬನ್ನಿಗೆ ಸ್ಟಾಂಪ್ ಪ್ಯಾಡ್ ಮಸಿ ಹಾಕುವ ಚಾಳಿಯನ್ನು ದಯವಿಟ್ಟು ಬಿಡಿ. ರಿಬ್ಬನ್ ಮಸಿಯಲ್ಲಿರುವ ಎಣ್ಣೆಯೇ ಪಿನ್ನುಗಳಿಗೆ ಜಾರು. ಸ್ಟಾಂಪ್ ಮಸಿಯಲ್ಲಿ ಅದಿಲ್ಲ. ಒಣಗಿ ಅಂಟಾಗಿ ಪಿನ್ನು ಹೊರಗೇ ನಿಲ್ಲುತ್ತದೆ, ಮುಂದಿನ ಓಟಕ್ಕೆ ರಿಬ್ಬನ್ನಿಗೆ ಸಿಕ್ಕಿ ಮುರಿಯುತ್ತದೆ. ಹೊಸ ರಿಬ್ಬನ್ ಹೆಡ್‌ಗಿಂತ ಎಷ್ಟೋ ಅಗ್ಗ.

ನಮ್ಮ ಕಡೆ ಇನ್ನೊಂದು ಕಾಟ, ಹೊಟ್ಟಿನ ದೂಳು. ಹೆಡ್ ಓಡಾಡುವ ಕಂಬಿಯ ಮೇಲೆ ಎಣ್ಣೆ ಜಾಸ್ತಿಯಿದ್ದರೆ ದೂಳು ಕೂತು ಹೆಡ್ ಅರ್ಧಕ್ಕೇ ನಿಲ್ಲುತ್ತದೆ. ಪವರ್ ಆಫ್ ಮಾಡಿ, ಹೆಡ್ ಆರಿದ ಮೇಲೆ ಒಣ ಬಟ್ಟೆಯಿಂದ ಕಂಬಿ ಒರೆಸಿ, ಒಂದು ಹನಿ ತೆಳು ಮಶಿನ್ ಆಯಿಲ್ ಸವರಿ. ಗ್ರೀಸ್ ಬೇಡ.

ಚೀಟಿಯ ಪ್ರತಿ ಅಕ್ಷರದಲ್ಲೂ ಒಂದೇ ಎತ್ತರಕ್ಕೆ ಅಡ್ಡ ಬಿಳಿ ಗೆರೆ ಕಂಡರೆ ಒಂದು ಪಿನ್ನು ಹೋಗಿದೆ ಎಂದರ್ಥ. ಎಪ್ಸನ್ ಎಲ್‌ಎಕ್ಸ್ ಮಾದರಿಗಳಲ್ಲಿ ಲೈನ್ ಫೀಡ್ ಬಟನ್ ಒತ್ತಿ ಹಿಡಿದು ಪವರ್ ಹಾಕಿದರೆ ಸೆಲ್ಫ್ ಟೆಸ್ಟ್ (ಕಂಪ್ಯೂಟರ್ ಇಲ್ಲದೆ ಪ್ರಿಂಟರ್ ತಾನೇ ಹೊಡೆಯುವ ಪರೀಕ್ಷೆಯ ಹಾಳೆ) ಬರುತ್ತದೆ. ಅದರಲ್ಲೂ ಗೆರೆ ಇದ್ದರೆ ಹೆಡ್ ಬಿಚ್ಚಿಸಿ. ಟೆಸ್ಟ್ ಚೊಕ್ಕವಾಗಿ ಬಂದು ಚೀಟಿಯಲ್ಲಿ ಮಾತ್ರ ಅಡ್ಡಾದಿಡ್ಡಿ ಅಕ್ಷರ ಬಂದರೆ ಹೆಡ್ ಮುಟ್ಟಬೇಡಿ, ಕೇಬಲ್ ಮತ್ತು ಕಂಪ್ಯೂಟರಿನಲ್ಲಿರುವ ಪ್ರಿಂಟರ್ ಡ್ರೈವರ್ ಸಾಫ್ಟ್‌ವೇರ್ ನೋಡಿ.