‘ಒಂದೈದು ಆಲ್ಬಮ್ ಹೇಳಿ’ ಅನ್ನುವವರಿಗೆ

"ಇಂಥ ಆಲ್ಬಮ್‌ಗಳೆಲ್ಲ ನಿಮಗೆ ಎಲ್ಲಿ ಸಿಗುತ್ತವೆ?"

ಇಂಥವು ಅಂದರೆ ಅಮೆರಿಕದ ಕಂಟ್ರಿ (ಅಲ್ಲಿನ ಹಳ್ಳಿಗಾಡಿನ ಹಾಡು), ಬ್ಲೂಸ್ (ಅಲ್ಲಿನ ಕಪ್ಪು ಜನರ ಹಾಡು), ಮತ್ತೆ ಈ ಎರಡರಲ್ಲೂ ಪೂರ್ತಿ ಕೂರದೆ ಅಮೆರಿಕಾನಾ ಅಂತ ಹೆಸರು ಹಾಕಿಸಿಕೊಂಡವು. ಆಫೀಸಿನಲ್ಲಿ ಕೇಳುತ್ತಾರೆ. ಮದುವೆ ಮನೆಯಲ್ಲಿ ಕೇಳುತ್ತಾರೆ. ವಾಕಿಂಗ್ ಹೋದಾಗ ಇಯರ್‌ಫೋನ್ ತೆಗೆಸಿ ಕೇಳುತ್ತಾರೆ. ಹೇಳಿ ಹೇಳಿ ಬಾಯಿ ನೋವು. ಬರೆದು ಹಾಕಿಬಿಡುತ್ತೇನೆ, ಇನ್ನು ಮೇಲೆ ಯಾರೇ ಕೇಳಿದರೂ ಲಿಂಕ್ ಕಳಿಸಿ ಸುಮ್ಮನಾಗುತ್ತೇನೆ.

ಪ್ರಶ್ನೆಯ ಹಿಂದೆಯೇ ಬರುವ ಉಪಪ್ರಶ್ನೆಗಳನ್ನು ಮೊದಲು ಮುಗಿಸೋಣ. ನನ್ನ ಮಗ ಅಮೆರಿಕದಲ್ಲಿಲ್ಲ. ಮಗನೇ ಇಲ್ಲ. ಮಗಳಿದ್ದಾಳೆ, ತುಮಕೂರಿನಲ್ಲಿದ್ದಾಳೆ, ಅವಳಿಗೆ ಈ ಹಾಡು ಕಂಡರಾಗದು. ಯಜಮಾನರು ಹೇಳಿಕೊಟ್ಟಿದ್ದೂ ಅಲ್ಲ. ಅವರಿಗೆ ರಾಜ್‌ಕುಮಾರ್ ಹಾಡು ಬಿಟ್ಟರೆ ಟಿವಿ ನ್ಯೂಸೇ ಸಂಗೀತ. ಒಬ್ಬ ಹೆಂಗಸು ತಾನಾಗಿಯೇ ಏನನ್ನಾದರೂ ಕೇಳಿ ಇಷ್ಟಪಡಬಹುದು ಅನ್ನೋದು ಜನಕ್ಕೆ ಯಾಕೆ ಹೊಳೆಯೋದಿಲ್ಲವೋ. ಮತ್ತೆ, ಹೌದು, ಜಾನ್ ಡೆನ್ವರ್‌ನ ಆ ಒಂದು ಹಾಡು, ‘ಕಂಟ್ರಿ ರೋಡ್ಸ್’, ನನಗೂ ಗೊತ್ತು. ಕರ್ನಾಟಕದ ಅಷ್ಟೂ ಎಂಜಿನಿಯರಿಂಗ್ ಕಾಲೇಜು ಹಾಸ್ಟೆಲ್‌ಗಳಿಗೆ ಗೊತ್ತು. ದಯವಿಟ್ಟು ಹಾಡಿ ತೋರಿಸಬೇಡಿ.

ಇನ್ನು ಉತ್ತರ. ಆಲ್ಬಮ್‌ನ ಹಿಂದೆ ಸಣ್ಣ ಅಕ್ಷರದಲ್ಲಿ ಹೆಸರುಗಳಿರುತ್ತವೆ ನೋಡಿ, ಯಾರು ಏನು ನುಡಿಸಿದರು, ಯಾರು ರೆಕಾರ್ಡ್ ಮಾಡಿದರು, ಎಲ್ಲಿ ಮಾಡಿದರು ಅಂತ. ಅದನ್ನು ಓದುತ್ತೇನೆ. ಅಷ್ಟೇ. ಗುಟ್ಟು ಏನೂ ಇಲ್ಲ.

ಇಷ್ಟು ಹೇಳಿದ ತಕ್ಷಣ ಎದುರಿನವರ ಮುಖ ಸಪ್ಪಗಾಗುತ್ತದೆ. ಅವರಿಗೆ ಬೇಕಾಗಿದ್ದು ಒಂದು ಆಪ್‌ನ ಹೆಸರು. ಇಲ್ಲವೇ ಒಂದು ಲಿಸ್ಟ್. ಲಿಸ್ಟ್ ಅಂದಾಗಲೆಲ್ಲ ನನಗೆ ನಮ್ಮ ಭಾವ ನೆನಪಾಗುತ್ತಾರೆ.

ಭಾವ ಅಂದರೆ ದೊಡ್ಡಪ್ಪನ ಮಗಳ ಗಂಡ. ಅವರ ಮನೆಯ ಗೃಹಪ್ರವೇಶ. ಊಟದ ಎರಡನೇ ಪಂಕ್ತಿಗೆ ಕಾಯುತ್ತಾ ಕೂತಿದ್ದೆ. ಭಾವ ಬಂದು ಪಕ್ಕದ ಕುರ್ಚಿ ಎಳೆದುಕೊಂಡರು. "ಏನಮ್ಮ, ಆ ಇಂಗ್ಲಿಷ್ ಹಳ್ಳಿ ಹಾಡು ಕೇಳೋದು ಇನ್ನೂ ಬಿಟ್ಟಿಲ್ವಾ? ಒಂದೈದು ಹೇಳು, ಕಾರಲ್ಲಿ ಹಾಕ್ಕೋತೀನಿ." ಐದು ಯಾಕೆ? ಗೊತ್ತಿಲ್ಲ. ಎಲ್ಲರೂ ಐದೇ ಕೇಳೋದು. ಫೋನ್ ನನ್ನ ಕೈಗೆ ಕೊಟ್ಟು ಬಡಿಸುವವರನ್ನು ಕೂಗಲು ಹೋದರು. ನಾನು ಟೈಪ್ ಮಾಡಿದೆ. ಮೊದಲನೆಯದು ಸೆಡ್ರಿಕ್ ಬರ್ನ್‌ಸೈಡ್‌ನ ‘ಐ ಬಿ ಟ್ರೈಯಿಂಗ್’, 2021ರದ್ದು. ಮೆಂಫಿಸ್‌ನ ರಾಯಲ್ ಸ್ಟುಡಿಯೋದಲ್ಲಿ ಮಾಡಿದ್ದು. ಮರುವರ್ಷ ಅದಕ್ಕೆ ಗ್ರ್ಯಾಮಿ ಬಂತು. ಸೆಡ್ರಿಕ್‌ನ ತಾತ ಆರ್. ಎಲ್. ಬರ್ನ್‌ಸೈಡ್, ಉತ್ತರ ಮಿಸಿಸಿಪ್ಪಿಯ ಗುಡ್ಡಗಾಡಿನ ಬ್ಲೂಸ್‌ನಲ್ಲಿ ದೊಡ್ಡ ಹೆಸರು. ಮೊಮ್ಮಗ ಹುಡುಗನಾಗಿದ್ದಾಗಲೇ ತಾತನಿಗೆ ಡ್ರಮ್ಸ್ ಬಾರಿಸುತ್ತಿದ್ದ.

ವಾರ ಕಳೆದ ಮೇಲೆ ಭಾವನ ಮೆಸೇಜ್: "ಕೇಳಿದೆ. ಎಲ್ಲ ಒಂದೇ ಥರ ಇದೆ."

ಇದನ್ನು ಬರೆದದ್ದು ಯಾರು? ಪ್ರತಿ ರಾಮನವಮಿಗೂ ಪೆಂಡಾಲ್‌ನಲ್ಲಿ ಮುಂದಿನ ಸಾಲು ಹಿಡಿದು ಕೂತು, ಮುಕ್ಕಾಲು ಗಂಟೆ ಒಂದೇ ಕಲ್ಯಾಣಿ ಕೇಳಿ, ಮನೆಗೆ ಬಂದ ಮೇಲೂ "ಆಹಾ, ಏನು ಕಲ್ಯಾಣಿ!" ಅನ್ನುವ ಮನುಷ್ಯ. ಆಗ ಒಂದೇ ಥರ ಅನ್ನಿಸಲಿಲ್ಲ. ತಂಬೂರಿ ಮೂರು ಗಂಟೆ ಅದನ್ನೇ ಮೀಟುತ್ತಿದ್ದರೂ ಬೇಜಾರಾಗಲಿಲ್ಲ. ಆ ಗುಡ್ಡಗಾಡಿನ ಬ್ಲೂಸ್‌ನಲ್ಲಿ ಎಷ್ಟೋ ಸಲ ಹಾಡಿಡೀ ಒಂದೇ ಕಾರ್ಡ್ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಇರುತ್ತದೆ. ಗಿಟಾರ್ ಅಲ್ಲೇ ನಿಂತು ಸುತ್ತುತ್ತದೆ, ಡ್ರಮ್ಸ್ ಕೆಳಗಿಂದ ತಳ್ಳುತ್ತದೆ, ಹಾಡುವವನು ಎಲ್ಲಿ ತಡೆಯುತ್ತಾನೆ ಎಲ್ಲಿ ಬಿಡುತ್ತಾನೆ ಅನ್ನೋದರಲ್ಲೇ ಮಜಾ. ಬೇರೆ ಬ್ಲೂಸ್‌ನಲ್ಲಿ ಮೂರು ಕಾರ್ಡ್, ಹನ್ನೆರಡು ಬಾರ್ (ನಮ್ಮ ತಾಳದ ಆವರ್ತ ಇದ್ದ ಹಾಗೆ), ಮತ್ತೆ ಮೊದಲಿಂದ. ಚೌಕಟ್ಟು ಒಂದೇ. ಒಳಗೆ ಇರುವ ಆಸಾಮಿ ಬೇರೆ. ಇದನ್ನು ಭಾವನಿಗೆ ಬಿಡಿಸಿ ಬರೆಯೋಣ ಅಂತ ಶುರು ಮಾಡಿ, ಅಳಿಸಿ, ಒಂದು ನಮಸ್ಕಾರದ ಇಮೋಜಿ ಕಳಿಸಿದೆ.

ತಪ್ಪು ಭಾವನದಲ್ಲ, ಲಿಸ್ಟ್‌ನದು. ಐದು ಹೆಸರು ಕೈಯಲ್ಲಿದ್ದರೆ ಐದನ್ನೂ ಕೇಳಿ ಮುಗಿಸುವ ಆತುರ ಬರುತ್ತದೆ. ಆಪ್‌ಗಳೂ ಅದನ್ನೇ ಮಾಡೋದು. ಒಂದು ಹಾಡು ಪೂರ್ತಿ ಕೇಳಿದರೆ ಅದೇ ವೇಗದ, ಅದೇ ಗಡ್ಡದ, ಅದೇ ಟೋಪಿಯ ಇನ್ನೊಬ್ಬನನ್ನು ತಂದು ನಿಲ್ಲಿಸುತ್ತದೆ. ಆಮೇಲೆ ಮತ್ತೊಬ್ಬ. ಹತ್ತು ಹಾಡಾದ ಮೇಲೆ ಎಲ್ಲ ಒಂದೇ ಥರ ಅನ್ನಿಸದೆ ಇನ್ನೇನಾಗುತ್ತೆ?

ಹೆಸರು ಹಿಡಿದು ಹೋದರೆ ಹೇಗೆ ಅಂತ ಒಂದು ಉದಾಹರಣೆ ಕೊಡುತ್ತೇನೆ. 2013ರಲ್ಲಿ ಸ್ಟರ್ಗಿಲ್ ಸಿಂಪ್ಸನ್ ಅನ್ನುವ ಕೆಂಟಕಿಯವನ ಮೊದಲ ಆಲ್ಬಮ್ ಬಂತು, ‘ಹೈ ಟಾಪ್ ಮೌಂಟನ್’. ಗಟ್ಟಿ ಹಳೇ ಕಾಲದ ಕಂಟ್ರಿ. ಅದರಲ್ಲಿ ಪಿಯಾನೋ ನುಡಿಸಿದವರು ಹಾರ್ಗಸ್ ‘ಪಿಗ್’ ರಾಬಿನ್ಸ್. ಮಗುವಾಗಿದ್ದಾಗಲೇ ಕಣ್ಣು ಕಳೆದುಕೊಂಡವರು. ನ್ಯಾಶ್‌ವಿಲ್‌ನ ಅಂಧರ ಶಾಲೆಯಲ್ಲಿ ಕಲಿಯುವಾಗ ಕದ್ದುಮುಚ್ಚಿ ಆಡಲು ಹೋಗಿ ಮೈಯೆಲ್ಲ ಕೊಳೆ ಮಾಡಿಕೊಂಡು ಬರುತ್ತಿದ್ದರಂತೆ, ಅದಕ್ಕೇ ಹಂದಿ ಅನ್ನುವ ಅಡ್ಡಹೆಸರು. 1959ರಲ್ಲಿ ಜಾರ್ಜ್ ಜೋನ್ಸ್‌ನ ಒಂದು ಹಿಟ್ ಹಾಡಿಗೆ ಪಿಯಾನೋ ನುಡಿಸಿ ಹೆಸರು ಮಾಡಿದರು. 1966ರಲ್ಲಿ ಬಾಬ್ ಡಿಲನ್ ನ್ಯಾಶ್‌ವಿಲ್‌ಗೆ ಬಂದು ‘ಬ್ಲಾಂಡ್ ಆನ್ ಬ್ಲಾಂಡ್’ ಮಾಡಿದಾಗಲೂ ಪಿಯಾನೋ ಮುಂದೆ ಇವರಿದ್ದರು. ಅಲ್ಲಿಂದ 2013ಕ್ಕೆ ಬಂದರೆ, ಈ ಹೊಸ ಹುಡುಗನ ಹಿಂದೆ ಅದೇ ಬೆರಳು. ಯಾವ ಆಪ್ ಹೇಳುತ್ತೆ ಇದನ್ನ?

ಈಗ ಅದೇ ಪುಟದಲ್ಲಿ ಸ್ವಲ್ಪ ಕೆಳಗೆ ನೋಡಿ. ಪ್ರೊಡ್ಯೂಸರ್, ಅಂದರೆ ದುಡ್ಡು ಹಾಕುವವರಲ್ಲ, ರೆಕಾರ್ಡಿಂಗ್ ನಡೆಸಿ ಆಲ್ಬಮ್‌ಗೆ ರೂಪ ಕೊಡುವವರು, ಡೇವ್ ಕಾಬ್. ಅದೇ ವರ್ಷ ಜೇಸನ್ ಇಸ್ಬೆಲ್‌ನ ‘ಸೌತ್‌ಈಸ್ಟರ್ನ್’ ಮಾಡಿದ್ದೂ ಇವರೇ. ಇಸ್ಬೆಲ್ ಕುಡಿತ ಬಿಟ್ಟ ಮೇಲೆ ಮಾಡಿದ ಆಲ್ಬಮ್ ಅದು. ರಾತ್ರಿ ಒಬ್ಬರೇ ಕೂತು ಕೇಳಬೇಡಿ. 2015ರಲ್ಲಿ ಕ್ರಿಸ್ ಸ್ಟೇಪಲ್ಟನ್‌ನ ‘ಟ್ರಾವೆಲರ್’ ಕೂಡ ಕಾಬ್ ಅವರದ್ದೇ. ಅದು ಮೇ ತಿಂಗಳಲ್ಲಿ ಬಂತು. ನವೆಂಬರ್‌ನಲ್ಲಿ ಒಂದು ಪ್ರಶಸ್ತಿ ಸಮಾರಂಭದ ಟಿವಿ ಕಾರ್ಯಕ್ರಮದಲ್ಲಿ ಸ್ಟೇಪಲ್ಟನ್ ಹಾಡಿದ ಮೇಲೆ ತಾನೇ ಜನ ಎದ್ದು ಬಿದ್ದು ಕೊಂಡಿದ್ದು, ಆಮೇಲೆ ನಂಬರ್ ಒನ್. ಆರು ತಿಂಗಳು ಅದು ಎಲ್ಲರ ಕಣ್ಣೆದುರೇ ಇತ್ತು. (ನನ್ನ ಅಭಿಪ್ರಾಯ ಕೇಳಿದರೆ ಹದಿನಾಲ್ಕು ಹಾಡು ಜಾಸ್ತಿಯಾಯಿತು. ಹತ್ತಕ್ಕೆ ನಿಲ್ಲಿಸಿದ್ದರೆ ಚಿನ್ನ.) ಕಾಬ್ ಹೆಸರಿದ್ದದ್ದೆಲ್ಲ ಚೆನ್ನಾಗಿರುತ್ತದೆ ಅಂತ ಅಲ್ಲ. ಆಮೇಲಾಮೇಲೆ ಅವರಂತೆ ರೆಕಾರ್ಡ್ ಮಾಡುವವರು ಬೀದಿಗೊಬ್ಬರಾದರು, ಎಲ್ಲರ ಹಾಡಿಗೂ ಅದೇ ಧೂಳು ಮೆತ್ತಿಕೊಂಡಿತು. ಆದರೆ ಸಿಂಪ್ಸನ್ ಮುಂದೆ ತಾನೇ ಪ್ರೊಡ್ಯೂಸರ್ ಆಗಿ, ಡೇವಿಡ್ ಫರ್ಗುಸನ್ ಜೊತೆ ಸೇರಿ, ಟೈಲರ್ ಚೈಲ್ಡರ್ಸ್ ಅನ್ನುವ ಇನ್ನೊಬ್ಬ ಕೆಂಟಕಿ ಹುಡುಗನ ‘ಪರ್ಗಟರಿ’ ಮಾಡಿದ. 2017. ಈ ಹೆಸರುಗಳ ದಾರಿ ಹಿಡಿಯದಿದ್ದರೆ ಆ ದನಿ ನನ್ನ ಕಿವಿಗೆ ಬೀಳುತ್ತಲೇ ಇರಲಿಲ್ಲ.

‘ಪರ್ಗಟರಿ’ಯಲ್ಲಿ ಫಿಡಲ್ ಸ್ಟುವರ್ಟ್ ಡಂಕನ್. ಅವರ ಹೆಸರು ಹಿಡಿದು ಹೋದರೆ ಯೋಲಾ ಸಿಗುತ್ತಾರೆ, 2019ರ ‘ವಾಕ್ ಥ್ರೂ ಫೈರ್’. ಯೋಲಾ ಇಂಗ್ಲೆಂಡಿನವರು, ಬ್ರಿಸ್ಟಲ್ ಕಡೆಯವರು. ‘ಅಲ್ಲಿ ಹುಟ್ಟಿದವರು ಹಾಡಿದರೆ ಮಾತ್ರ ಅಸಲಿ’ ಅನ್ನುವವರು ಇದನ್ನು ಕೇಳಿ ಆಮೇಲೆ ಮಾತಾಡಿ. ಅದರಲ್ಲಿ ಡ್ರಮ್ಸ್ ಜೀನ್ ಕ್ರಿಸ್ಮನ್, ಕೀಬೋರ್ಡ್ ಬಾಬಿ ವುಡ್. ಇಬ್ಬರೂ 1969ರಲ್ಲಿ ಮೆಂಫಿಸ್‌ನಲ್ಲಿ ಎಲ್ವಿಸ್ ಪ್ರೆಸ್ಲಿಗೆ ನುಡಿಸಿದವರು. ಮೌತ್ ಆರ್ಗನ್ ಚಾರ್ಲಿ ಮೆಕಾಯ್. ಅವರು 1966ರಲ್ಲಿ ಎಲ್ಲಿದ್ದರು ಗೊತ್ತಾ? ‘ಬ್ಲಾಂಡ್ ಆನ್ ಬ್ಲಾಂಡ್’ನಲ್ಲಿ, ಅದೇ ಪಿಗ್ ರಾಬಿನ್ಸ್ ಜೊತೆ. ಇದು ಗೊತ್ತಾದ ದಿನ ನಾನು ಒಲೆ ಆರಿಸಿ ಬಂದು ಮತ್ತೆ ಮೊದಲಿಂದ ಹಾಕಿದೆ. ಸಾರು ಅವತ್ತು ಒಂಬತ್ತೂವರೆಗೆ ಆಯಿತು.

ಯೋಲಾ ಆಲ್ಬಮ್ ಮಾಡಿದ್ದು ಡಾನ್ ಆವರ್ಬ್ಯಾಕ್, ನ್ಯಾಶ್‌ವಿಲ್‌ನ ತಮ್ಮ ಈಸಿ ಐ ಸೌಂಡ್ ಸ್ಟುಡಿಯೋದಲ್ಲಿ. ಅಲ್ಲೇ ರಾಬರ್ಟ್ ಫಿನ್ಲೆಯ ‘ಗೋಯಿನ್ ಪ್ಲಾಟಿನಂ’ ಆಗಿದ್ದು, 2017ರಲ್ಲಿ. ಎಲ್ಲರೂ "ಹೊಸಬರು ಯಾರು ಚೆನ್ನಾಗಿದ್ದಾರೆ" ಅಂತ ಕೇಳುತ್ತೀರಲ್ಲ, ತಗೊಳ್ಳಿ ಹೊಸಬರನ್ನು. ಫಿನ್ಲೆ ಲೂಸಿಯಾನಾದ ಬಡಗಿ. ಕಣ್ಣು ಮಂದವಾಗಿ ಕೆಲಸ ಬಿಡಬೇಕಾಯಿತು. ಆರ್ಕನ್ಸಾದ ಹೆಲೆನಾ ಊರಿನ ಬೀದಿಯಲ್ಲಿ ಹಾಡುತ್ತಿದ್ದಾಗ ಮ್ಯೂಸಿಕ್ ಮೇಕರ್ ಅನ್ನುವ ಸಂಸ್ಥೆಯವರ ಕಣ್ಣಿಗೆ ಬಿದ್ದರು. ಮೊದಲ ಆಲ್ಬಮ್ 2016ರಲ್ಲಿ ಬಂದಾಗ ಅರವತ್ತು ದಾಟಿತ್ತು. ವಯಸ್ಸು ಲೆಕ್ಕಕ್ಕೇ ಇಲ್ಲ ಅನ್ನೋದನ್ನೇ ಆ ಆಲ್ಬಮ್‌ಗೆ ಹೆಸರಿಟ್ಟರು. ಅದೇ ಸ್ಟುಡಿಯೋದಿಂದ ಜಿಮ್ಮಿ ‘ಡಕ್’ ಹೋಮ್ಸ್ ಅವರ ‘ಸೈಪ್ರಸ್ ಗ್ರೋವ್’ ಬಂತು, 2019ರಲ್ಲಿ. ಈ ಹೋಮ್ಸ್ ಮಿಸಿಸಿಪ್ಪಿಯ ಬೆಂಟೋನಿಯಾದಲ್ಲಿ ಅಪ್ಪ ಅಮ್ಮ 1948ರಲ್ಲಿ ತೆರೆದ ಬ್ಲೂ ಫ್ರಂಟ್ ಕೆಫೆ ನಡೆಸುವವರು. ಗಲ್ಲಾ ಪೆಟ್ಟಿಗೆಯಿಂದ ಎದ್ದು ಬಂದು ಗಿಟಾರ್ ಹಿಡಿದವರ ಹಾಗೇ ಇದೆ ದನಿ, ಅವಸರವೇ ಇಲ್ಲ.

ಹೆಸರುಗಳು ಎಲ್ಲಿ ಸಿಗುತ್ತವೆ ಅಂತ ಮುಂದಿನ ಪ್ರಶ್ನೆ ಬರುತ್ತದೆ. ಕೆಲವು ಆಪ್‌ಗಳಲ್ಲಿ ಮೂರು ಚುಕ್ಕಿ ಒತ್ತಿದರೆ ಕ್ರೆಡಿಟ್ಸ್ ಬರುತ್ತದೆ, ಆದರೆ ಬಹಳ ಸಲ ಹಾಡಿದವರು, ಬರೆದವರು, ಪ್ರೊಡ್ಯೂಸರ್ ಅಷ್ಟಕ್ಕೇ ನಿಲ್ಲುತ್ತದೆ. ಡಿಸ್ಕಾಗ್ಸ್ ಅನ್ನುವ ವೆಬ್‌ಸೈಟ್‌ನಲ್ಲಿ ಜನ ತಮ್ಮ ಮನೆಯ ರೆಕಾರ್ಡ್ ತಿರುಗಿಸಿ ನೋಡಿ ಎಲ್ಲವನ್ನೂ ಟೈಪ್ ಮಾಡಿ ಹಾಕಿರುತ್ತಾರೆ. ಪುಣ್ಯಾತ್ಮರು. ಸ್ಮಿತ್ಸೋನಿಯನ್ ಫೋಕ್‌ವೇಸ್ ಅನ್ನುವ ರೆಕಾರ್ಡ್ ಕಂಪನಿಯವರು ಆಲ್ಬಮ್ ಜೊತೆಯ ಪುಸ್ತಿಕೆಗಳನ್ನು ತಮ್ಮ ಸೈಟಿನಲ್ಲಿ ಪುಕ್ಕಟೆ ಕೊಡುತ್ತಾರೆ. ಅವರ 2019ರ ‘ಸಾಂಗ್ಸ್ ಆಫ್ ಅವರ್ ನೇಟಿವ್ ಡಾಟರ್ಸ್’ನಲ್ಲಿ ನಾಲ್ವರು ಕಪ್ಪು ಹೆಂಗಸರು, ಕೈಯಲ್ಲಿ ಬ್ಯಾಂಜೋ. ಬಿಳಿಯರ ವಾದ್ಯ ಅಂತ ಸಿನಿಮಾ ನೋಡಿ ನಂಬಿದ್ದೆವಲ್ಲ, ಅದರ ಮೂಲ ಆಫ್ರಿಕಾ. ಗುಲಾಮರಾಗಿ ಬಂದವರ ಜೊತೆ ಅಲ್ಲಿಗೆ ಬಂದದ್ದು. ಪುಸ್ತಿಕೆ ಓದುತ್ತಾ ಕೇಳಿ. ನಾಲ್ವರಿಗೂ ಅವರವರದೇ ಆಲ್ಬಮ್‌ಗಳಿವೆ: ರಿಯಾನನ್ ಗಿಡೆನ್ಸ್, ಆಲಿಸನ್ ರಸೆಲ್, ಲೈಲಾ ಮೆಕ್ಕಾಲಾ, ಅಮಿಥಿಸ್ಟ್ ಕಿಯಾ. ರಸೆಲ್‌ರ ‘ಔಟ್‌ಸೈಡ್ ಚೈಲ್ಡ್’ನಿಂದ ಶುರು ಮಾಡಿ.

ಬ್ಲೂಸ್‌ಗೆ ಇನ್ನೊಂದು ಸುಲಭದ ದಾರಿ, ರೆಕಾರ್ಡ್ ಕಂಪನಿ ಹಿಡಿದು ಹೋಗೋದು. ಷಿಕಾಗೋದ ಅಲಿಗೇಟರ್ ರೆಕಾರ್ಡ್ಸ್ ಶುರುವಾದದ್ದೇ 1971ರಲ್ಲಿ, ಹೌಂಡ್ ಡಾಗ್ ಟೇಲರ್ ಅನ್ನುವ ಒಬ್ಬನ ಒಂದು ಆಲ್ಬಮ್ ಹೊರಬರಬೇಕು ಅಂತ. ಬ್ರೂಸ್ ಇಗ್ಲಾವರ್ ಅನ್ನುವವನು ತಾನು ಕೆಲಸ ಮಾಡುತ್ತಿದ್ದ ಕಂಪನಿ ಒಪ್ಪದಿದ್ದಾಗ ತಾನೇ ದುಡ್ಡು ಹಾಕಿದ. 2019ರಲ್ಲಿ ಅದೇ ಕಂಪನಿಯಿಂದ ಬಂದವನು ಮಿಸಿಸಿಪ್ಪಿಯ ಕ್ಲಾರ್ಕ್ಸ್‌ಡೇಲ್‌ನ ಕಿಂಗ್‌ಫಿಶ್ ಇಂಗ್ರಾಮ್. ಆಗ ಇಪ್ಪತ್ತರ ಹುಡುಗ. ಎರಡನೇ ಆಲ್ಬಮ್‌ಗೆ ತನ್ನೂರಿನ ಫೋನ್ ಕೋಡ್ ‘662’ ಅಂತಲೇ ಹೆಸರಿಟ್ಟ, ಗ್ರ್ಯಾಮಿ ಹೊಡೆದ.

ನನಗೆ ಬೇಜಾರು ಏನು ಅಂದರೆ, ನನ್ನನ್ನು ಯಾರೂ ಒಂದು ಪ್ರಶ್ನೆ ಕೇಳೋದಿಲ್ಲ: "ಅದು ಹಿಂದೆ ನುಡಿಸ್ತಾ ಇರೋದು ಯಾರು?" ಹಾಡಿದವನ ಹೆಸರು ಸಾಕು ನಮಗೆ. ನಮ್ಮ ಹಳೇ ಸಿನಿಮಾ ಹಾಡುಗಳಲ್ಲೂ ಅದೇ ಕಥೆ. ಸಾಹಿತ್ಯ ಯಾರದು, ಸಂಗೀತ ಯಾರದು, ಹಾಡಿದ್ದು ಯಾರು, ಇಷ್ಟು ಯಾರನ್ನ ಕೇಳಿದರೂ ಹೇಳುತ್ತಾರೆ. ಚರಣಕ್ಕೆ ಮುಂಚೆ ಬರುವ ಆ ಕೊಳಲಿನ ತುಣುಕು, ಎಲ್ಲರ ಬಾಯಲ್ಲೂ ಇರುತ್ತಲ್ಲ, ಅದನ್ನು ನುಡಿಸಿದವರು? ನಮ್ಮ ಮನೆಯ ಕ್ಯಾಸೆಟ್‌ಗಳ ಕವರ್ ಅಷ್ಟನ್ನೂ ಬಿಚ್ಚಿ ನೋಡಿದ್ದೇನೆ. ಒಂದರಲ್ಲೂ ಆ ಹೆಸರಿಲ್ಲ. ಮದ್ರಾಸಿನ ಯಾವುದೋ ಸ್ಟುಡಿಯೋದಲ್ಲಿ ಬೆಳಿಗ್ಗೆ ಒಂದು ಸಿನಿಮಾ, ಮಧ್ಯಾಹ್ನ ಇನ್ನೊಂದು ಅಂತ ನುಡಿಸಿ, ಬಸ್ ಹಿಡಿದು ಮನೆಗೆ ಹೋದರು. ಅವರ ಹೆಸರು ಬರೆದಿಟ್ಟಿದ್ದರೆ ನಾನು ಎಷ್ಟು ಹಾಡು ಹುಡುಕಿಕೊಳ್ಳುತ್ತಿದ್ದೆನೋ. ಅಮೆರಿಕದವರು ಬರೆದಿಟ್ಟಿದ್ದಾರೆ, ಅದಕ್ಕೆ ಅವರ ಹಾಡು ಹುಡುಕುತ್ತೇನೆ. "ನಮ್ಮದು ಬಿಟ್ಟು ಅವರದ್ಯಾಕೆ" ಅನ್ನುವವರಿಗೆ ಇದೂ ಉತ್ತರ ಆಯಿತು ಅಂದುಕೊಳ್ಳುತ್ತೇನೆ.

ಇಷ್ಟು ಓದಿದ ಮೇಲೂ "ಅದೆಲ್ಲ ಸರಿ ಮೇಡಂ, ಒಂದೈದು ಹೇಳಿಬಿಡಿ" ಅನ್ನುವವರು ಇದ್ದೇ ಇರುತ್ತೀರಿ. ಮೇಲೆ ಐದಕ್ಕಿಂತ ಜಾಸ್ತಿಯೇ ಇವೆ, ಎಣಿಸಿಕೊಳ್ಳಿ. ಕೇಳಿದ ಮೇಲೆ ನನಗೆ ‘ಸೂಪರ್’ ಅಂತಲೋ, ‘ಒಂದೇ ಥರ’ ಅಂತಲೋ ಮೆಸೇಜ್ ಹಾಕಬೇಡಿ. ಡ್ರಮ್ಸ್ ಯಾರದು ಅಂತ ಹಾಕಿ. ಭಾವ, ನೀವೂ ಅಷ್ಟೇ.